ಒಂದು ದೇಶದ ಚುನಾವಣೆ ಅಟ್ಲಾಂಟಿಕ್ ಮೈತ್ರಿಯನ್ನು ಎಷ್ಟು ಬದಲಿಸಿತು? ಅಳೆದು ನೋಡುವ ಬಗೆ

ಅಮೆರಿಕದಲ್ಲಿ ಅಧ್ಯಕ್ಷರು ಬದಲಾದಾಗ, ಜರ್ಮನಿಯಲ್ಲಿ ಹೊಸ ಚಾನ್ಸಲರ್ ಬಂದಾಗ, ಇಟಲಿಯಲ್ಲೋ ಕೆನಡಾದಲ್ಲೋ ಹೊಸ ಸರ್ಕಾರ ರಚನೆಯಾದಾಗ ಮರುದಿನದ ಸುದ್ದಿಗಳಲ್ಲಿ ಸಾಮಾನ್ಯವಾಗಿ ಎರಡೇ ಬಗೆಯ ಮಾತು ಕೇಳಿಬರುತ್ತದೆ. ಮೈತ್ರಿ ಮುರಿದುಬಿತ್ತು ಎಂದು ಕೆಲವರು ಹೇಳಿದರೆ, ಇಂಥವು ಬಂದು ಹೋಗುತ್ತವೆ, ಏನೂ ಬದಲಾಗುವುದಿಲ್ಲ ಎಂದು ಇನ್ನು ಕೆಲವರು ಹೇಳುತ್ತಾರೆ. ಕಳೆದ ಎರಡು ದಶಕಗಳ ಅನುಭವವನ್ನು ಎದುರಿಗಿಟ್ಟುಕೊಂಡು ನೋಡಿದರೆ ಎರಡೂ ಅವಸರದ ತೀರ್ಮಾನಗಳೇ. ವಿದೇಶಾಂಗ ಸುದ್ದಿಯನ್ನು ನಿಷ್ಠೆಯಿಂದ ಓದುವವರು ಫಲಿತಾಂಶದ ರಾತ್ರಿಯಲ್ಲೇ ತೀರ್ಪು ಕೊಡದೆ, ಪರಿಣಾಮವನ್ನು ತಾವೇ ಅಂದಾಜು ಮಾಡುವುದು ಹೇಗೆ ಎಂಬುದನ್ನು ಇಲ್ಲಿ ವಿವರಿಸುತ್ತೇನೆ.

ಉತ್ತರ ಅಮೆರಿಕ ಮತ್ತು ಯುರೋಪಿನ ನಡುವಿನ ಸಂಬಂಧಕ್ಕೆ ಹಲವು ಎಳೆಗಳಿವೆ. 1949ರ ಏಪ್ರಿಲ್ 4ರಂದು ವಾಷಿಂಗ್ಟನ್‌ನಲ್ಲಿ 12 ದೇಶಗಳು ಸಹಿ ಹಾಕಿದ ಒಪ್ಪಂದದಿಂದ ಹುಟ್ಟಿ, ಇಂದು 32 ಸದಸ್ಯರಾಷ್ಟ್ರಗಳಿಗೆ ಬೆಳೆದಿರುವ ನ್ಯಾಟೊ ರಕ್ಷಣೆಯ ಎಳೆ. ಸುಂಕ, ಸಬ್ಸಿಡಿ ಮತ್ತು ಮಾರುಕಟ್ಟೆಗೆ ಸಂಬಂಧಿಸಿದ್ದು ವ್ಯಾಪಾರದ ಎಳೆ. ಉಕ್ರೇನ್, ಇರಾನ್, ಹವಾಮಾನ ಮುಂತಾದ ವಿಷಯಗಳಲ್ಲಿ ಒಂದೇ ನಿಲುವು ತಳೆಯುವುದು ಮೂರನೆಯದು. ಇವೆಲ್ಲಕ್ಕೂ ಆಧಾರವಾಗಿರುವುದು ಪರಸ್ಪರ ವಿಶ್ವಾಸ. ಚುನಾವಣೆ ಈ ನಾಲ್ಕನ್ನೂ ತಟ್ಟುತ್ತದೆಯಾದರೂ ಒಂದೊಂದನ್ನು ಒಂದೊಂದು ವೇಗದಲ್ಲಿ ತಟ್ಟುತ್ತದೆ. ಮಾತಿನ ಧಾಟಿ ಒಂದೇ ರಾತ್ರಿಯಲ್ಲಿ ಬದಲಾಗಬಹುದು. ಸುಂಕ ಬದಲಾಗಲು ಕೆಲವು ವಾರ ಸಾಕು. ಸೇನಾ ನಿಯೋಜನೆ ಮತ್ತು ಬಜೆಟ್ ಬದಲಾಗಲು ವರ್ಷಗಳು ಹಿಡಿಯುತ್ತವೆ. ವಿಶ್ವಾಸ ಮಾತ್ರ ಬೇಗ ಕುಸಿಯುತ್ತದೆ, ಮುಂದಿನ ಚುನಾವಣೆಯಲ್ಲಿ ಸ್ನೇಹಪರ ಸರ್ಕಾರ ಬಂದರೂ ಹಿಂದಿನ ಮಟ್ಟಕ್ಕೆ ಏರುವುದಿಲ್ಲ. ಚುನಾವಣೆಯ ಅತಿ ದೊಡ್ಡ ಪರಿಣಾಮ ಇದೇ ಎಂಬುದು ನನ್ನ ದೃಢವಾದ ಅಭಿಪ್ರಾಯ.

ನಿರ್ಧಾರ ಯಾರ ಕೈಯಲ್ಲಿದೆ ಎಂದು ಮೊದಲು ತಿಳಿಯಿರಿ

ಮತದಾನಕ್ಕೆ ಮುನ್ನವೇ ಮಾಡಬೇಕಾದ ಕೆಲಸವಿದು. ಗೆಲ್ಲುವ ವ್ಯಕ್ತಿ ಯಾವ ನಿರ್ಧಾರವನ್ನು ಒಬ್ಬರೇ ತೆಗೆದುಕೊಳ್ಳಬಲ್ಲರು, ಯಾವುದಕ್ಕೆ ಬೇರೆಯವರ ಒಪ್ಪಿಗೆ ಬೇಕು ಎಂಬುದನ್ನು ಬರೆದಿಟ್ಟುಕೊಳ್ಳಿ.

ಅಮೆರಿಕದ ಅಧ್ಯಕ್ಷರು ಸುಂಕದ ವಿಷಯದಲ್ಲಿ ಬಹಳ ಪ್ರಬಲರು. 1962ರ ವ್ಯಾಪಾರ ವಿಸ್ತರಣಾ ಕಾಯ್ದೆಯ 232ನೇ ಸೆಕ್ಷನ್ ರಾಷ್ಟ್ರೀಯ ಭದ್ರತೆಯ ಕಾರಣ ನೀಡಿ ಆಮದಿನ ಮೇಲೆ ಸುಂಕ ಹೇರಲು ಅವರಿಗೆ ಅವಕಾಶ ಕೊಡುತ್ತದೆ. 2018ರಲ್ಲಿ ಡೊನಾಲ್ಡ್ ಟ್ರಂಪ್ ಇದನ್ನೇ ಬಳಸಿ ಉಕ್ಕಿನ ಮೇಲೆ ಶೇ 25, ಅಲ್ಯೂಮಿನಿಯಂ ಮೇಲೆ ಶೇ 10ರಷ್ಟು ಸುಂಕ ವಿಧಿಸಿದರು. ಕೆನಡಾ ಮತ್ತು ಐರೋಪ್ಯ ಒಕ್ಕೂಟದಂತಹ ಮಿತ್ರರೂ ಅದರಿಂದ ತಪ್ಪಿಸಿಕೊಳ್ಳಲಾಗಲಿಲ್ಲ. ಪ್ಯಾರಿಸ್ ಹವಾಮಾನ ಒಪ್ಪಂದಕ್ಕೂ ಸಂಸತ್ತಿನ ಮೇಲ್ಮನೆಯಾದ ಸೆನೆಟ್‌ನ ಮತ ಬೇಕಿರಲಿಲ್ಲವಾದ್ದರಿಂದ ಒಬ್ಬ ಅಧ್ಯಕ್ಷರು ಸೇರಿದ್ದನ್ನು ಇನ್ನೊಬ್ಬರು ಬಿಟ್ಟರು, ಮತ್ತೊಬ್ಬರು ಮತ್ತೆ ಸೇರಿದರು. ಹಣಕಾಸಿನ ಅಧಿಕಾರ ಮಾತ್ರ ಅಲ್ಲಿನ ಸಂಸತ್ತಾದ ಕಾಂಗ್ರೆಸ್‌ನದು. ನ್ಯಾಟೊದಿಂದ ಹೊರಬರುವ ವಿಷಯದಲ್ಲಿಯೂ 2023ರ ಡಿಸೆಂಬರ್‌ನಲ್ಲಿ ರಕ್ಷಣಾ ಮಸೂದೆಯೊಂದಿಗೆ ಒಂದು ನಿರ್ಬಂಧ ಕಾನೂನಾಯಿತು: ಸೆನೆಟ್‌ನ ಮೂರನೇ ಎರಡರಷ್ಟು ಬೆಂಬಲ ಅಥವಾ ಕಾಂಗ್ರೆಸ್ ಅಂಗೀಕರಿಸಿದ ಕಾಯ್ದೆ ಇಲ್ಲದೆ ಅಧ್ಯಕ್ಷರು ಒಪ್ಪಂದದಿಂದ ಹೊರನಡೆಯುವಂತಿಲ್ಲ.

ಇಲ್ಲಿ ಒಂದು ಎಚ್ಚರಿಕೆ ಅಗತ್ಯ. ಕಾನೂನು ಸದಸ್ಯತ್ವವನ್ನು ಕಾಪಾಡಬಲ್ಲದು, ಇಚ್ಛಾಶಕ್ತಿಯನ್ನು ಕಾಪಾಡಲಾರದು. ಒಬ್ಬರ ಮೇಲಿನ ಸಶಸ್ತ್ರ ದಾಳಿಯನ್ನು ಎಲ್ಲರ ಮೇಲಿನ ದಾಳಿ ಎಂದು ಪರಿಗಣಿಸುವ ನ್ಯಾಟೊದ 5ನೇ ವಿಧಿ, ಪ್ರತಿ ಸದಸ್ಯರಾಷ್ಟ್ರವೂ ತನಗೆ ಅಗತ್ಯವೆಂದು ಕಂಡ ಕ್ರಮವನ್ನು ಕೈಗೊಳ್ಳಬೇಕು ಎನ್ನುತ್ತದೆಯೇ ಹೊರತು ಸೇನೆ ಕಳಿಸಲೇಬೇಕೆಂದು ಹೇಳುವುದಿಲ್ಲ. ಆದ್ದರಿಂದ ಅಧ್ಯಕ್ಷರ ಮಾತು ಬರಿಯ ಮಾತಾಗಿ ಉಳಿಯದೆ ಆ ಭರವಸೆಯ ತಿರುಳೇ ಆಗಿಬಿಡುತ್ತದೆ. 2017ರ ಮೇ ತಿಂಗಳಲ್ಲಿ ಬ್ರಸೆಲ್ಸ್‌ನ ನ್ಯಾಟೊ ಕೇಂದ್ರ ಕಚೇರಿಯಲ್ಲಿ ಟ್ರಂಪ್ ಮಾಡಿದ ಭಾಷಣದಲ್ಲಿ ಈ ವಿಧಿಗೆ ಸ್ಪಷ್ಟ ಬದ್ಧತೆ ಇಲ್ಲದಿದ್ದುದು ಯುರೋಪಿನ ರಾಜಧಾನಿಗಳನ್ನು ಅಷ್ಟೊಂದು ಕಳವಳಗೊಳಿಸಿದ್ದು ಈ ಕಾರಣಕ್ಕೇ. ಆ ವಿಧಿ ಈವರೆಗೆ ಜಾರಿಗೆ ಬಂದಿರುವುದು ಒಮ್ಮೆ ಮಾತ್ರ, ಅದೂ 2001ರ ಸೆಪ್ಟೆಂಬರ್ 11ರ ದಾಳಿಯ ನಂತರ ಅಮೆರಿಕದ ಪರವಾಗಿ.

ಯುರೋಪಿನ ಕಡೆಯ ಲೆಕ್ಕ ಬೇರೆ. ವ್ಯಾಪಾರ ನೀತಿ ಐರೋಪ್ಯ ಒಕ್ಕೂಟದ ಏಕಮಾತ್ರ ಅಧಿಕಾರ. ಮಾತುಕತೆ ನಡೆಸುವುದು ಒಕ್ಕೂಟದ ಕಾರ್ಯಾಂಗವಾದ ಯುರೋಪಿಯನ್ ಕಮಿಷನ್. 2025ರ ಜುಲೈ 27ರಂದು ಸ್ಕಾಟ್ಲೆಂಡ್‌ನ ಟರ್ನ್‌ಬೆರಿಯಲ್ಲಿ ಒಕ್ಕೂಟದ ಹೆಚ್ಚಿನ ಸರಕುಗಳ ಮೇಲೆ ಶೇ 15ರ ಸುಂಕ ಎಂದು ಟ್ರಂಪ್ ಜೊತೆ ಒಪ್ಪಂದ ಕುದುರಿಸಿದವರು ಕಮಿಷನ್ ಅಧ್ಯಕ್ಷೆ ಉರ್ಸುಲಾ ಫಾನ್ ಡೆರ್ ಲೆಯೆನ್. ಹೀಗಾಗಿ ಫ್ರಾನ್ಸ್‌ನಲ್ಲೋ ಸ್ಪೇನ್‌ನಲ್ಲೋ ಸರ್ಕಾರ ಬದಲಾದರೆ ಅಮೆರಿಕದೊಂದಿಗಿನ ಸುಂಕ ನೇರವಾಗಿ ಬದಲಾಗುವುದಿಲ್ಲ. ಸೇನೆ, ನೆಲೆ ಮತ್ತು ಶಸ್ತ್ರಾಸ್ತ್ರ ನೆರವಿನ ವಿಷಯಗಳು ಆಯಾ ದೇಶದ ಕೈಯಲ್ಲೇ ಇವೆ.

ಸರ್ಕಾರ ಒಪ್ಪಿದರೂ ಸಂಸತ್ತು ಒಪ್ಪದಿರಬಹುದು ಎಂಬುದಕ್ಕೆ ಟರ್ಕಿಯ ಪ್ರಸಂಗಕ್ಕಿಂತ ಉತ್ತಮ ಪಾಠವಿಲ್ಲ. 2002ರ ನವೆಂಬರ್‌ನಲ್ಲಿ ಹೊಸ ಪಕ್ಷವೊಂದು ಭಾರೀ ಬಹುಮತದಿಂದ ಅಧಿಕಾರಕ್ಕೆ ಬಂತು. ಇರಾಕ್ ಮೇಲೆ ಉತ್ತರ ದಿಕ್ಕಿನಿಂದ ದಾಳಿ ನಡೆಸಲು ಅಮೆರಿಕದ ಪಡೆಗಳಿಗೆ ಅವಕಾಶ ಕೊಡುವ ನಿರ್ಣಯವನ್ನು ಆ ಸರ್ಕಾರವೇ ಸಂಸತ್ತಿನ ಮುಂದಿಟ್ಟಿತು. 2003ರ ಮಾರ್ಚ್ 1ರಂದು ಪರವಾಗಿ 264, ವಿರುದ್ಧ 250 ಮತಗಳು ಬಿದ್ದವು. 19 ಸದಸ್ಯರು ತಟಸ್ಥರಾದರು. ಪರವಾದ ಮತಗಳೇ ಹೆಚ್ಚಿದ್ದರೂ ಹಾಜರಿದ್ದವರ ಪೈಕಿ ಅರ್ಧಕ್ಕಿಂತ ಹೆಚ್ಚು ಮತ ಬೇಕೆಂಬ ನಿಯಮವಿದ್ದುದರಿಂದ ಕೇವಲ ಮೂರು ಮತಗಳ ಕೊರತೆಯಿಂದ ನಿರ್ಣಯ ಬಿದ್ದುಹೋಯಿತು. ಸೈನಿಕ ಸಾಮಗ್ರಿ ಹೊತ್ತು ಟರ್ಕಿಯ ಕರಾವಳಿಯಲ್ಲಿ ಕಾಯುತ್ತಿದ್ದ ಅಮೆರಿಕದ ಹಡಗುಗಳು ಬೇರೆ ದಾರಿ ಹಿಡಿಯಬೇಕಾಯಿತು. ಗೆದ್ದ ನಾಯಕರ ಮನಸ್ಸನ್ನಷ್ಟೇ ಓದಿದವರಿಗೆ ಈ ಫಲಿತಾಂಶ ಕಾಣುವ ಸಾಧ್ಯತೆಯೇ ಇರಲಿಲ್ಲ.

ಪ್ರಚಾರದಲ್ಲಿ ಮಿತ್ರರಾಷ್ಟ್ರವೇ ವಿಷಯವಾಗಿದೆಯೇ?

ಹೆಚ್ಚಿನ ಚುನಾವಣೆಗಳು ಬೆಲೆ ಏರಿಕೆ, ಉದ್ಯೋಗ, ವಲಸೆಯಂತಹ ವಿಷಯಗಳ ಮೇಲೆ ನಡೆಯುತ್ತವೆ. ಅಂಥಲ್ಲಿ ಮೈತ್ರಿಯ ಮೇಲಿನ ಪರಿಣಾಮ ಪರೋಕ್ಷ. ಅಟ್ಲಾಂಟಿಕ್‌ನ ಆಚೆ ದಡದ ದೇಶವೇ ಪ್ರಚಾರದ ವಿಷಯವಾದರೆ ಸಂಬಂಧದಲ್ಲಿ ಬಿಸಿ ಏರುವುದು ಖಚಿತ. ಆ ಬಿಸಿ ಎಷ್ಟು ಆಳಕ್ಕೆ ಇಳಿಯಿತು ಎಂಬುದನ್ನು ಬೇರೆಯಾಗಿಯೇ ಪರಿಶೀಲಿಸಬೇಕು.

2002ರ ಜರ್ಮನಿಯ ಚುನಾವಣೆಯನ್ನು ಹತ್ತಿರದಿಂದ ನೋಡೋಣ. ಸಮೀಕ್ಷೆಗಳಲ್ಲಿ ಹಿಂದಿದ್ದ ಚಾನ್ಸಲರ್ ಗೆರ್‌ಹಾರ್ಡ್ ಶ್ರೋಡರ್, ಎಲ್ಬ್ ನದಿಯ ಪ್ರವಾಹವನ್ನು ನಿಭಾಯಿಸಿದ ರೀತಿಯಿಂದಲೂ ಇರಾಕ್ ಯುದ್ಧಕ್ಕೆ ಸೇರುವುದಿಲ್ಲ ಎಂಬ ಖಚಿತ ನಿಲುವಿನಿಂದಲೂ ಚೇತರಿಸಿಕೊಂಡರು. ಸೆಪ್ಟೆಂಬರ್ 22ರ ಮತ ಎಣಿಕೆಯಲ್ಲಿ ಅವರ ಪಕ್ಷಕ್ಕೂ ಎದುರಾಳಿ ಕೂಟಕ್ಕೂ ತಲಾ ಶೇ 38.5ರಷ್ಟು ಮತ ಬಂದು, ಅಂತರ ಸುಮಾರು 6,000 ಮತಗಳಷ್ಟೇ ಇತ್ತು. ಪ್ರಚಾರದ ಕೊನೆಯ ದಿನಗಳಲ್ಲಿ ಅವರ ಕಾನೂನು ಸಚಿವೆ, ಆಗಿನ ಅಮೆರಿಕದ ಅಧ್ಯಕ್ಷ ಬುಷ್ ಅವರ ತಂತ್ರವನ್ನು ಹಿಟ್ಲರನ ತಂತ್ರಕ್ಕೆ ಹೋಲಿಸಿದರೆಂಬ ವರದಿ ದೊಡ್ಡ ವಿವಾದವಾಯಿತು. ಹೊಸ ಸಂಪುಟದಲ್ಲಿ ಅವರಿಗೆ ಸ್ಥಾನ ಸಿಗಲಿಲ್ಲ. ಗೆದ್ದ ಚಾನ್ಸಲರ್‌ಗೆ ವಾಡಿಕೆಯಂತೆ ಬರಬೇಕಿದ್ದ ಅಭಿನಂದನೆಯ ದೂರವಾಣಿ ಕರೆ ಶ್ವೇತಭವನದಿಂದ ಬರಲಿಲ್ಲ.

ಇಷ್ಟು ಮಾತ್ರ ಓದಿದವರು ಸಂಬಂಧ ಕಡಿದುಹೋಯಿತೆಂದೇ ಭಾವಿಸುತ್ತಿದ್ದರು. ಅದೇ ಹೊತ್ತಿನಲ್ಲಿ ಜರ್ಮನಿ ಮಾಡಿದ್ದನ್ನೂ ಪಕ್ಕದಲ್ಲಿಟ್ಟು ನೋಡಿ. ಯುದ್ಧದ ಅವಧಿಯಲ್ಲಿ ಅಮೆರಿಕದ ವಿಮಾನಗಳು ಜರ್ಮನಿಯ ವಾಯುಪ್ರದೇಶವನ್ನೂ ಅಲ್ಲಿನ ನೆಲೆಗಳನ್ನೂ ಬಳಸಿದವು. ಆ ನೆಲೆಗಳ ಕಾವಲಿಗೆ ಜರ್ಮನಿಯ ಸಾವಿರಾರು ಸೈನಿಕರು ನಿಂತರು. 2003ರ ಫೆಬ್ರುವರಿಯಿಂದ ಕಾಬೂಲ್‌ನ ಅಂತರರಾಷ್ಟ್ರೀಯ ಭದ್ರತಾ ಪಡೆಯ ಮುಂದಾಳತ್ವವನ್ನು ಜರ್ಮನಿ ಮತ್ತು ನೆದರ್ಲೆಂಡ್ಸ್ ಒಟ್ಟಾಗಿ ವಹಿಸಿಕೊಂಡವು. ಮೇಲಿನ ಮಟ್ಟದಲ್ಲಿ ಇಬ್ಬರು ನಾಯಕರು ಮುಖ ತಿರುಗಿಸಿಕೊಂಡಿದ್ದರೂ ಕೆಳಗಿನ ವ್ಯವಸ್ಥೆ ಎಂದಿನಂತೆ ಕೆಲಸ ಮಾಡುತ್ತಿತ್ತು.

ಯಾವ ಭರವಸೆ ಈಡೇರುತ್ತದೆ ಎಂದು ತಿಳಿಯಲು ಮೂರು ಪ್ರಶ್ನೆ ಕೇಳಿ: ಅದಕ್ಕೆ ಗಡುವು ಇದೆಯೇ, ಪ್ರಮಾಣ ಸ್ಪಷ್ಟವಿದೆಯೇ, ಅದನ್ನು ನೆರವೇರಿಸುವ ಅಧಿಕಾರ ಭರವಸೆ ಕೊಟ್ಟವರಿಗೇ ಇದೆಯೇ? ಇರಾಕ್‌ನ ಹೊಣೆಯನ್ನು 2004ರ ಜೂನ್ 30ರೊಳಗೆ ವಿಶ್ವಸಂಸ್ಥೆ ವಹಿಸಿಕೊಳ್ಳದಿದ್ದರೆ ಸೈನಿಕರನ್ನು ಹಿಂದಕ್ಕೆ ಕರೆಸುತ್ತೇನೆಂದು ಸ್ಪೇನ್‌ನ ವಿರೋಧ ಪಕ್ಷದ ನಾಯಕ ಹೊಸೆ ಲೂಯಿಸ್ ರೊಡ್ರಿಗೆಸ್ ಸಪಟೆರೊ ಹೇಳಿದ್ದರು. ಮ್ಯಾಡ್ರಿಡ್ ರೈಲುಗಳ ಮೇಲಿನ ಬಾಂಬ್ ದಾಳಿಯ ಮೂರು ದಿನಗಳ ನಂತರ, ಮಾರ್ಚ್ 14ರಂದು ಅವರು ಗೆದ್ದರು. ಏಪ್ರಿಲ್‌ನಲ್ಲಿ ಪ್ರಮಾಣವಚನ ಸ್ವೀಕರಿಸಿದ ಬೆನ್ನಲ್ಲೇ ಗಡುವಿಗೂ ಕಾಯದೆ ಸುಮಾರು 1,300 ಸೈನಿಕರ ವಾಪಸಾತಿಗೆ ಆದೇಶಿಸಿದರು. ಮೂರೂ ಪ್ರಶ್ನೆಗಳಿಗೆ ಹೌದು ಎಂಬ ಉತ್ತರವಿದ್ದ ಭರವಸೆ ಅದು. ಅಮೆರಿಕ ಬಳಸುವ ರೋಟಾ ಮತ್ತು ಮೊರೋನ್ ನೆಲೆಗಳ ಬಗ್ಗೆ ಅವರು ಅಂಥ ಯಾವ ಮಾತನ್ನೂ ಕೊಟ್ಟಿರಲಿಲ್ಲ, ಅವು ಹಾಗೆಯೇ ಉಳಿದವು.

ಕೆನಡಾದ 2025ರ ಚುನಾವಣೆ ಇನ್ನಷ್ಟು ಸೂಕ್ಷ್ಮವಾದ ಉದಾಹರಣೆ. ಕೆನಡಾ ಅಮೆರಿಕದ 51ನೇ ರಾಜ್ಯವಾಗಬೇಕೆಂಬ ಟ್ರಂಪ್ ಅವರ ಮಾತು ಮತ್ತು ಸುಂಕದ ಬೆದರಿಕೆ, ಸೋಲುವ ಸ್ಥಿತಿಯಲ್ಲಿದ್ದ ಲಿಬರಲ್ ಪಕ್ಷಕ್ಕೆ ಮರುಜೀವ ಕೊಟ್ಟವು. ಏಪ್ರಿಲ್ 28ರಂದು ಮಾರ್ಕ್ ಕಾರ್ನಿ ಅವರ ಪಕ್ಷ 343ರಲ್ಲಿ 169 ಸ್ಥಾನ ಗೆದ್ದು ಅಲ್ಪಮತದ ಸರ್ಕಾರ ರಚಿಸಿತು. ಅಮೆರಿಕಕ್ಕೆ ಮಣಿಯುವುದಿಲ್ಲ ಎಂದು ಗೆದ್ದ ಅದೇ ಸರ್ಕಾರ ಜೂನ್ ತಿಂಗಳೊಂದರಲ್ಲೇ ಮೂರು ಹೆಜ್ಜೆಗಳನ್ನಿಟ್ಟಿತು: ಅದೇ ಆರ್ಥಿಕ ವರ್ಷದಲ್ಲಿ ರಕ್ಷಣಾ ವೆಚ್ಚವನ್ನು ಜಿಡಿಪಿಯ ಶೇ 2ಕ್ಕೆ ಏರಿಸುವುದಾಗಿ ಘೋಷಿಸಿತು, ಐರೋಪ್ಯ ಒಕ್ಕೂಟದೊಂದಿಗೆ ಭದ್ರತಾ ಸಹಭಾಗಿತ್ವಕ್ಕೆ ಸಹಿ ಹಾಕಿತು, ಅಮೆರಿಕದೊಂದಿಗೆ ವ್ಯಾಪಾರ ಮಾತುಕತೆ ಮುಂದುವರಿಯಲೆಂದು ದೊಡ್ಡ ತಂತ್ರಜ್ಞಾನ ಕಂಪನಿಗಳ ಮೇಲಿನ ಡಿಜಿಟಲ್ ಸೇವಾ ತೆರಿಗೆಯನ್ನು ಕೈಬಿಟ್ಟಿತು. ಒಂದು ಕೈಯಲ್ಲಿ ಅಂತರ, ಇನ್ನೊಂದು ಕೈಯಲ್ಲಿ ರಾಜಿ. ಒತ್ತಡಕ್ಕೆ ಸಿಕ್ಕ ಮಿತ್ರರಾಷ್ಟ್ರ ಸಾಮಾನ್ಯವಾಗಿ ನಡೆದುಕೊಳ್ಳುವುದು ಹೀಗೆಯೇ.

ವಿಜೇತರಿಗೆ ಅಂಟಿಸುವ ಹಣೆಪಟ್ಟಿಯನ್ನು ಮಾತ್ರ ನಂಬಬೇಡಿ. 2022ರಲ್ಲಿ ಇಟಲಿಯಲ್ಲಿ ಬಲಪಂಥೀಯ ನಾಯಕಿ ಜೋರ್ಜಾ ಮೆಲೊನಿ ಗೆದ್ದಾಗ ಉಕ್ರೇನ್‌ಗೆ ಆ ದೇಶದ ಬೆಂಬಲ ಸಡಿಲಗೊಳ್ಳಬಹುದೆಂಬ ಆತಂಕವಿತ್ತು. ಅವರು ಬೆಂಬಲವನ್ನು ಮುಂದುವರಿಸಿದರು. 2023ರಲ್ಲಿ ಸ್ಲೊವಾಕಿಯಾದಲ್ಲಿ ಗೆದ್ದ ರಾಬರ್ಟ್ ಫಿಟ್ಸೊ ಹೇಳಿದಂತೆಯೇ ಸೇನೆಯ ಸಂಗ್ರಹದಿಂದ ಉಕ್ರೇನ್‌ಗೆ ಶಸ್ತ್ರ ಕೊಡುವುದನ್ನು ನಿಲ್ಲಿಸಿದರು, ಆದರೆ ಕಂಪನಿಗಳ ವಾಣಿಜ್ಯ ಮಾರಾಟಕ್ಕೆ ಅಡ್ಡಿ ಮಾಡಲಿಲ್ಲ.

ದಿನಾಂಕಗಳನ್ನು ಗುರುತಿಸಿ

ಅಮೆರಿಕದಲ್ಲಿ ಮತದಾನ ನವೆಂಬರ್ ಆರಂಭದಲ್ಲಿ, ಅಧಿಕಾರ ಸ್ವೀಕಾರ ಜನವರಿ 20ರಂದು. ನಡುವಿನ ಸುಮಾರು 11 ವಾರಗಳಲ್ಲಿ ಹೊರಹೋಗುವ ಸರ್ಕಾರ ಬಾಕಿ ಕೆಲಸಗಳನ್ನು ಮುಗಿಸಲು ಧಾವಿಸುತ್ತದೆ, ಮಿತ್ರರು ಹೊಸಬರ ಬಾಗಿಲು ತಟ್ಟುತ್ತಾರೆ. ಯುರೋಪಿನ ಸಮ್ಮಿಶ್ರ ಸರ್ಕಾರಗಳಲ್ಲಿ ಮಾತುಕತೆಯೇ ತಿಂಗಳುಗಟ್ಟಲೆ ಸಾಗುತ್ತದೆ. ಆ ಅವಧಿಯಲ್ಲಿ ಏನೂ ನಡೆಯುವುದಿಲ್ಲವೆಂದು ತಿಳಿದರೆ ಮುಖ್ಯವಾದದ್ದೇ ಕೈತಪ್ಪೀತು.

2025ರ ಫೆಬ್ರುವರಿ 23ರಂದು ಜರ್ಮನಿಯಲ್ಲಿ ಚುನಾವಣೆ ನಡೆಯಿತು. ಗೆದ್ದ ಫ್ರೀಡ್ರಿಕ್ ಮೆರ್ಟ್ಸ್ ಅದೇ ರಾತ್ರಿ, ಅಮೆರಿಕದಿಂದ ಹಂತಹಂತವಾಗಿ ಸ್ವತಂತ್ರವಾಗುವಂತೆ ಯುರೋಪನ್ನು ಬಲಪಡಿಸುವುದು ತಮ್ಮ ಆದ್ಯತೆ ಎಂದರು. ಅದಕ್ಕೆ ಹಣ ಬೇಕಿತ್ತು. ಹಣಕ್ಕೆ ಸಂವಿಧಾನದ ಸಾಲಮಿತಿ ಅಡ್ಡವಾಗಿತ್ತು. ತಿದ್ದುಪಡಿಗೆ ಮೂರನೇ ಎರಡರಷ್ಟು ಮತ ಬೇಕು, ಹೊಸ ಸಂಸತ್ತಾದ ಬುಂಡೆಸ್ಟಾಗ್‌ನಲ್ಲಿ ತೀವ್ರ ಬಲಪಂಥದ ಎಎಫ್‌ಡಿ ಮತ್ತು ಎಡಪಕ್ಷ ಸೇರಿದರೆ ಅದನ್ನು ತಡೆಯುವಷ್ಟು ಸಂಖ್ಯೆ ಇತ್ತು. ಆದ್ದರಿಂದ ಹೊಸ ಸಂಸತ್ತು ಸೇರುವ ಮೊದಲೇ, ಮಾರ್ಚ್ 18ರಂದು, ಅವಧಿ ಮುಗಿಯುತ್ತಿದ್ದ ಹಳೆಯ ಸಂಸತ್ತಿನಲ್ಲೇ ತಿದ್ದುಪಡಿಗೆ ಅಂಗೀಕಾರ ಪಡೆಯಲಾಯಿತು. ಜಿಡಿಪಿಯ ಶೇ 1ಕ್ಕಿಂತ ಹೆಚ್ಚಿನ ರಕ್ಷಣಾ ವೆಚ್ಚ ಸಾಲಮಿತಿಯಿಂದ ಹೊರಗುಳಿಯಿತು. ಮೆರ್ಟ್ಸ್ ಚಾನ್ಸಲರ್ ಆದದ್ದು ಮೇ ತಿಂಗಳಲ್ಲಿ! ಅಟ್ಲಾಂಟಿಕ್ ಮೈತ್ರಿಯ ದೃಷ್ಟಿಯಿಂದ ಆ ಚುನಾವಣೆಯ ಅತಿ ಮಹತ್ವದ ನಿರ್ಧಾರ ಅವರು ಅಧಿಕಾರ ವಹಿಸಿಕೊಳ್ಳುವ ಮೊದಲೇ ಮುಗಿದಿತ್ತು.

ಭಾಷಣದ ಪಕ್ಕದಲ್ಲಿ ಬಜೆಟ್ ಇಡಿ

ಟ್ರಂಪ್ ಅವರ ಮೊದಲ ಅವಧಿಯಲ್ಲಿ ನ್ಯಾಟೊ ಬಗ್ಗೆ ಕಟುವಾದ ಮಾತುಗಳೇ ಕೇಳಿಬಂದವು. ಯುರೋಪಿನಲ್ಲಿ ಸೇನಾ ಸಿದ್ಧತೆಗೆಂದು ಅಮೆರಿಕ ತೆಗೆದಿರಿಸುವ ಅನುದಾನವಾದರೋ 2017ರ ಹಣಕಾಸು ವರ್ಷದಲ್ಲಿ ಸುಮಾರು 3.4 ಶತಕೋಟಿ ಡಾಲರ್ ಇದ್ದದ್ದು 2018ರಲ್ಲಿ 4.8ಕ್ಕೆ, 2019ರಲ್ಲಿ 6.5 ಶತಕೋಟಿಗೆ ಏರಿತು. ಮಾತು ಒಂದು ದಿಕ್ಕಿಗೆ, ಹಣ ಇನ್ನೊಂದು ದಿಕ್ಕಿಗೆ ಸಾಗುತ್ತಿತ್ತು. ಮಂಜೂರಾದ ಹಣವನ್ನೂ ಕೊನೆಯವರೆಗೆ ಹಿಂಬಾಲಿಸಬೇಕು: 2019ರಲ್ಲಿ ಮೆಕ್ಸಿಕೊ ಗಡಿಗೋಡೆಗೆಂದು ತಿರುಗಿಸಲಾದ 3.6 ಶತಕೋಟಿ ಡಾಲರ್ ಸೇನಾ ಕಾಮಗಾರಿ ಹಣದಲ್ಲಿ ಯುರೋಪಿನ ಯೋಜನೆಗಳ ಪಾಲೂ ಸೇರಿತ್ತು. 2020ರ ಜುಲೈನಲ್ಲಿ ಜರ್ಮನಿಯಿಂದ ಸುಮಾರು 12,000 ಸೈನಿಕರನ್ನು ಹೊರಕ್ಕೆ ಸಾಗಿಸುವ ಯೋಜನೆ ಪ್ರಕಟವಾಯಿತು. ಕಾಂಗ್ರೆಸ್ ಷರತ್ತು ಹಾಕಿತು, ನವೆಂಬರ್‌ನಲ್ಲಿ ಅಧ್ಯಕ್ಷರು ಸೋತರು, 2021ರ ಫೆಬ್ರುವರಿಯಲ್ಲಿ ಹೊಸ ಸರ್ಕಾರ ಅದನ್ನು ತಡೆಹಿಡಿಯಿತು. ಸೈನ್ಯವನ್ನು ಸ್ಥಳಾಂತರಿಸಲು ವಸತಿ, ಶಾಲೆ, ಆಸ್ಪತ್ರೆ, ತರಬೇತಿ ಮೈದಾನ ಎಲ್ಲವೂ ಬೇಕಾಗುವುದರಿಂದ ಘೋಷಣೆಗೂ ಜಾರಿಗೂ ನಡುವೆ ಇನ್ನೊಂದು ಚುನಾವಣೆಯೇ ಬಂದುಬಿಡಬಹುದು.

ಖರೀದಿ ಒಪ್ಪಂದಗಳನ್ನೂ ಗಮನಿಸಿ. 2022ರಲ್ಲಿ ಜರ್ಮನಿ ಆಯ್ದುಕೊಂಡ 35 ಎಫ್-35 ಯುದ್ಧವಿಮಾನಗಳು ಬಿಡಿಭಾಗ, ತಂತ್ರಾಂಶ ಮತ್ತು ತರಬೇತಿಗಾಗಿ ಆ ದೇಶವನ್ನು ದಶಕಗಳ ಕಾಲ ಅಮೆರಿಕಕ್ಕೆ ಬೆಸೆಯುತ್ತವೆ. ಸ್ವತಂತ್ರರಾಗುತ್ತೇವೆ ಎಂದು ಯಾವ ಚಾನ್ಸಲರ್ ಹೇಳಿದರೂ ಆ ಮಾತನ್ನು ಈ ಬೆಸುಗೆಯ ಜೊತೆಗಿಟ್ಟೇ ತೂಗಬೇಕು.

ಸ್ನೇಹಪರ ಸರ್ಕಾರ ಬಂದಾಗ ಇನ್ನಷ್ಟು ಎಚ್ಚರ ವಹಿಸಿ

2020ರಲ್ಲಿ ಜೋ ಬೈಡನ್ ಗೆದ್ದಾಗ ಯುರೋಪಿನ ರಾಜಧಾನಿಗಳಲ್ಲಿ ನಿರಾಳತೆ ಕಂಡುಬಂತು. 2021ರ ಫೆಬ್ರುವರಿಯಲ್ಲಿ ಅಮೆರಿಕ ಪ್ಯಾರಿಸ್ ಒಪ್ಪಂದಕ್ಕೆ ಮರಳಿತು. ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ಆಸ್ಟ್ರೇಲಿಯಾ, ಬ್ರಿಟನ್, ಅಮೆರಿಕ ಸೇರಿ ಆಕಸ್ ಎಂಬ ರಕ್ಷಣಾ ಒಪ್ಪಂದ ಪ್ರಕಟಿಸಿದಾಗ ಆಸ್ಟ್ರೇಲಿಯಾ ಜೊತೆಗಿದ್ದ ಫ್ರಾನ್ಸ್‌ನ ಜಲಾಂತರ್ಗಾಮಿ ಒಪ್ಪಂದ ರದ್ದಾಯಿತು. ಫ್ರಾನ್ಸ್ ಕೋಪಗೊಂಡು ವಾಷಿಂಗ್ಟನ್‌ನಿಂದ ತನ್ನ ರಾಯಭಾರಿಯನ್ನೇ ಹಿಂದಕ್ಕೆ ಕರೆಸಿಕೊಂಡಿತು. 2018ರ ಉಕ್ಕಿನ ಸುಂಕ ಪೂರ್ತಿ ಹೋಗದೆ, ಕೋಟಾಕ್ಕಿಂತ ಹೆಚ್ಚಿನ ಆಮದಿಗೆ ಅನ್ವಯಿಸುವ ರೂಪದಲ್ಲಿ ಉಳಿಯಿತು. 2022ರ ಹಣದುಬ್ಬರ ಇಳಿಕೆ ಕಾಯ್ದೆ ಉತ್ತರ ಅಮೆರಿಕದಲ್ಲಿ ಜೋಡಿಸಿದ ವಿದ್ಯುತ್ ವಾಹನಗಳಿಗೆ ತೆರಿಗೆ ರಿಯಾಯಿತಿ ಕೊಟ್ಟು ಯುರೋಪಿನ ಕಾರು ತಯಾರಕರನ್ನು ಚಿಂತೆಗೀಡುಮಾಡಿತು. ಪಕ್ಷ ಬದಲಾದರೂ ಉಳಿಯುವ ನೀತಿ ಯಾವುದು ಎಂದು ಗುರುತಿಸುವುದೇ ಇಲ್ಲಿ ನಿಮ್ಮ ಕೆಲಸ; ಹಾಗೆ ಉಳಿದದ್ದು ಆ ದೇಶದ ಹಿತಾಸಕ್ತಿಯಿಂದ ಬಂದದ್ದು, ವ್ಯಕ್ತಿಯಿಂದ ಬಂದದ್ದಲ್ಲ.

ಎದುರು ದಡ ಏನು ಮಾಡುತ್ತಿದೆ?

ಚುನಾವಣೆ ನಡೆದ ದೇಶದ ಮೇಲೆಯೇ ಎಲ್ಲರ ಕಣ್ಣಿರುತ್ತದೆ. ನಿಜವಾದ ಬದಲಾವಣೆ ಮಾತ್ರ ಹೆಚ್ಚಾಗಿ ಕಾಣುವುದು ಎದುರು ದಡದಲ್ಲಿ. ನಾಲ್ಕು ವರ್ಷಗಳಿಗೊಮ್ಮೆ ತಿರುವುಮುರುವಾಗಬಹುದಾದ ಭರವಸೆಯನ್ನು ನೆಚ್ಚಿಕೊಂಡು ಮೂವತ್ತು ವರ್ಷಗಳ ರಕ್ಷಣಾ ಯೋಜನೆ ರೂಪಿಸಲಾಗದು ಎಂದು ಯುರೋಪ್ ಒಮ್ಮೆ ತೀರ್ಮಾನಿಸಿದರೆ, ಆ ತೀರ್ಮಾನ ಬಜೆಟ್, ಕಾರ್ಖಾನೆ, ಸೇನಾ ನೇಮಕಾತಿಗಳಲ್ಲಿ ನೆಲೆಯೂರುತ್ತದೆ. ಆಮೇಲೆ ವಾಷಿಂಗ್ಟನ್‌ನಲ್ಲಿ ಯಾರು ಗೆದ್ದರೂ ಅದು ಹಿಂದೆ ಸರಿಯುವುದು ಕಷ್ಟ. ಜರ್ಮನಿಯ ಸಾಲಮಿತಿಯ ತಿದ್ದುಪಡಿಯನ್ನು ನಾನು ಅಷ್ಟು ಮುಖ್ಯವೆಂದು ಎಣಿಸುವುದು ಇದಕ್ಕಾಗಿಯೇ. 2025ರ ಜೂನ್‌ನಲ್ಲಿ ಹೇಗ್ ಶೃಂಗಸಭೆಯಲ್ಲಿ ನ್ಯಾಟೊ ಸದಸ್ಯರು 2035ರೊಳಗೆ ಜಿಡಿಪಿಯ ಶೇ 5ರಷ್ಟನ್ನು ಮುಡಿಪಿಡಲು ಒಪ್ಪಿದರು. ಅದರಲ್ಲಿ ಶೇ 3.5 ನೇರ ರಕ್ಷಣೆಗೆ, ಶೇ 1.5 ಸಂಬಂಧಿತ ಮೂಲಸೌಕರ್ಯ ಮುಂತಾದವುಗಳಿಗೆ. ಅಮೆರಿಕದ ಒತ್ತಡಕ್ಕೆ ಮಣಿದದ್ದು ಎಂದೂ, ಅಮೆರಿಕವಿಲ್ಲದ ದಿನಕ್ಕೆ ಮಾಡಿಕೊಂಡ ಸಿದ್ಧತೆ ಎಂದೂ ಅದನ್ನು ಓದಬಹುದು. ಎರಡೂ ಏಕಕಾಲಕ್ಕೆ ಸತ್ಯವೆಂದು ನಾನು ನಂಬುತ್ತೇನೆ.

ಅಂದಾಜನ್ನು ಬರೆದಿಟ್ಟು ಮತ್ತೆ ತೆರೆಯಿರಿ

ಫಲಿತಾಂಶದ ವಾರದಲ್ಲೇ ಒಂದು ಪುಟದಲ್ಲಿ ನಿಮ್ಮ ಅಂದಾಜನ್ನು ಬರೆಯಿರಿ. ರಕ್ಷಣೆ, ವ್ಯಾಪಾರ, ಸಮಾನ ನಿಲುವುಗಳು, ವಿಶ್ವಾಸ ಎಂಬ ನಾಲ್ಕು ಎಳೆಗಳಿಗೂ ಪ್ರತ್ಯೇಕವಾಗಿ, ಗೆದ್ದವರು ಏನು ಹೇಳಿದ್ದಾರೆ, ಅದಕ್ಕೆ ಯಾರ ಒಪ್ಪಿಗೆ ಬೇಕು, ಯಾವ ದಿನಾಂಕದಂದು ಅದು ಗೊತ್ತಾಗುತ್ತದೆ ಎಂಬುದನ್ನು ದಾಖಲಿಸಿ. ವಿಶ್ವಾಸದ ಸಾಲಿನಲ್ಲಿ ಎದುರು ದಡದ ಸರ್ಕಾರಗಳು ಹಣ ತೊಡಗಿಸಿದ ಸಂಗತಿಗಳನ್ನಷ್ಟೇ ಬರೆಯಿರಿ, ಅವುಗಳ ಹೇಳಿಕೆಗಳನ್ನು ಬಿಡಿ. ಮೊದಲ ನ್ಯಾಟೊ ಶೃಂಗಸಭೆ ಮುಗಿದಾಗ ಒಮ್ಮೆ, ಮೊದಲ ಬಜೆಟ್ ಅಂಗೀಕಾರವಾದಾಗ ಇನ್ನೊಮ್ಮೆ ಆ ಪುಟವನ್ನು ತೆರೆದು ಹೋಲಿಸಿ. ಅಮೆರಿಕದ ವಿಷಯವಾದರೆ ಅಧ್ಯಕ್ಷರ ಅವಧಿಯ ನಡುವೆ ಕಾಂಗ್ರೆಸ್‌ಗೆ ನಡೆಯುವ ಮಧ್ಯಾವಧಿ ಚುನಾವಣೆಯನ್ನೂ ಗುರುತಿಸಿಕೊಳ್ಳಿ. ಪ್ರತಿನಿಧಿ ಸಭೆಯ ಎಲ್ಲ 435 ಸ್ಥಾನಗಳಿಗೂ ಸೆನೆಟ್‌ನ ಸುಮಾರು ಮೂರನೇ ಒಂದರಷ್ಟು ಸ್ಥಾನಗಳಿಗೂ ಅಂದು ಮತದಾನವಾಗುವುದರಿಂದ ಹಣಕಾಸಿನ ನಿಯಂತ್ರಣ ಕೈಬದಲಾಗಬಹುದು. ಹೇಗ್‌ನಲ್ಲಿ ಒಪ್ಪಿಕೊಂಡ ಶೇ 5ರ ಗುರಿಯ ಮರುಪರಿಶೀಲನೆ ನಡೆಯಬೇಕಿರುವುದು 2029ರಲ್ಲಿ, ಅಂದರೆ 2028ರ ನವೆಂಬರ್‌ನಲ್ಲಿ ಆಯ್ಕೆಯಾಗುವ ಅಮೆರಿಕದ ಹೊಸ ಅಧ್ಯಕ್ಷರು ಅಧಿಕಾರ ವಹಿಸಿಕೊಳ್ಳುವ ವರ್ಷದಲ್ಲೇ. ಆ ಎರಡು ದಿನಾಂಕಗಳನ್ನು ಪುಟದಲ್ಲಿ ಒಂದರ ಪಕ್ಕ ಒಂದು ಬರೆದಿಡಿ.